ಮನೆಯ ಸಾಲವೂ ಅದರ ನಿಜವಾದ ಕ್ರಯವೂ

ಸ್ವಂತ ಮನೆ ಇರಬೇಕೆಂಬ ಆಶೆಯು ಕೆಟ್ಟದ್ದಲ್ಲ. ಮಳೆಗಾಲದಲ್ಲಿ ಸೋರದ ಒಂದು ಮಾಡು, ಮಕ್ಕಳು ಕೂತು ಓದುವದಕ್ಕೆ ಒಂದು ಮೂಲೆ, ಮುಪ್ಪಿನಲ್ಲಿ ಯಾರೂ ಎಬ್ಬಿಸಲಾರದ ಒಂದು ಜಗಲಿ, ಇವುಗಳನ್ನು ಬಯಸುವ ಗೃಹಸ್ಥನನ್ನು ನಾವು ದೂರುವದಿಲ್ಲ. ಆದರೆ ಆ ಮನೆಯನ್ನು ಇಪ್ಪತ್ತು ವರುಷಗಳ ಸಾಲದಿಂದ ಕೊಂಡುಕೊಳ್ಳುವಾಗ ನಿಜವಾಗಿ ಏನನ್ನು ಕೊಡುತ್ತೇವೆ, ಮತ್ತು ಯಾರ ಕೈಯಿಂದ ಕೊಡುತ್ತೇವೆ ಎಂದು ವಿಚಾರಿಸುವವರು ಸ್ವಲ್ಪವೇ ಮಂದಿ. ಇದು ಲೆಕ್ಕದ ಪ್ರಶ್ನೆಯಾಗಿ ತೋರಿದರೂ ನೀತಿಯ ಪ್ರಶ್ನೆಯೂ ಆಗಿದೆ. ಯಾಕಂದರೆ ಸಾಲಪತ್ರವೆಂಬದು ಒಂದು ವಾಗ್ದಾನ. ವಾಗ್ದಾನ ಮಾಡುವವನು ತಾನು ಮಾಡಿದ್ದು ಎಷ್ಟೆಂದು ತಿಳಿದಿರತಕ್ಕದ್ದು.

ನೇತ್ರಾವತಿಯ ಸೇತುವೆಯನ್ನು ದಾಟಿ ತೆಂಕಲಾಗಿ ಬಂದರೆ ತೊಕ್ಕೊಟ್ಟು ಸಿಕ್ಕುವದು. ಕಾಸರಗೋಡಿಗೆ ಹೋಗುವ ಹೆದ್ದಾರಿಯೂ, ಉಳ್ಳಾಲದ ಕಡಲ ಕರೆಗೆ ಇಳಿಯುವ ಮಾರ್ಗವೂ, ದೇರಳಕಟ್ಟೆ ಕೊಣಾಜೆಗಳ ಕಡೆಗೆ ಏರುವ ಮಾರ್ಗವೂ ಇಲ್ಲಿ ಕೂಡುತ್ತವೆ. ೧೯೮೦ರಲ್ಲಿ ಸ್ಥಾಪಿತವಾದ ಮಂಗಳೂರು ವಿಶ್ವವಿದ್ಯಾನಿಲಯವು ಕೊಣಾಜೆಯಲ್ಲಿಯೂ, ವೈದ್ಯಕೀಯ ಕಾಲೇಜುಗಳು ದೇರಳಕಟ್ಟೆಯಲ್ಲಿಯೂ ಇರುವದರಿಂದ ಈ ಕಡೆಯ ಸ್ಥಳಕ್ಕೆ ಬೆಲೆ ಬಂದದೆ. ಮುರಕಲ್ಲಿನ ಗೋಡೆಗೆ ಹಂಚು ಹೊದಿಸಿದ ಮನೆಗಳ ನಡುವೆ ಬಹು ಅಂತಸ್ತಿನ ಫ್ಲ್ಯಾಟುಗಳು ಎದ್ದಿವೆ. ಮನೆ ಬೇಕೆಂದು ವಿಚಾರಿಸುವವನಿಗೆ ಅದರ ಪೂರ್ಣ ಕ್ರಯವನ್ನು ಹೇಳುವದಕ್ಕಿಂತ ಮುಂಚೆ "ತಿಂಗಳಿಗೆ ಇಷ್ಟು ಕಂತು" ಎಂಬ ಮಾತೇ ಕಿವಿಗೆ ಬೀಳುವದು. ಅವನೂ "ತಿಂಗಳಿಗೆ ಇಷ್ಟು ಕೊಡಲು ನನ್ನಿಂದ ಆಗುವದೋ?" ಎಂದು ಮಾತ್ರ ಎಣಿಸಿ ರುಜು ಹಾಕುವನು. ಈ ಎಣಿಕೆಯು ಸುಳ್ಳಲ್ಲ, ಆದರೆ ಅರ್ಧವಾದದ್ದು.

ನಮ್ಮ ಹಿರಿಯರಿಗೆ ಅಡವು ಎಂಬ ಮಾತು ಚೆನ್ನಾಗಿ ಗೊತ್ತಿತ್ತು. ಭೋಗ್ಯದ ಅಡವಿನಲ್ಲಿ ಸಾಲ ಕೊಟ್ಟವನು ಭೂಮಿಯನ್ನೇ ವಶಮಾಡಿಕೊಂಡು, ಬಡ್ಡಿಗೆ ಬದಲಾಗಿ ಅದರ ಫಲವನ್ನು ಉಣ್ಣುತ್ತಿದ್ದನು. ತನ್ನ ಅಜ್ಜನು ನೆಟ್ಟ ತೆಂಗಿನ ಮರದಿಂದ ಅನ್ಯನು ಕಾಯಿ ಕೀಳುವದನ್ನು ಸಾಲಗಾರನು ದಿನಾಲು ನೋಡುತ್ತಿದ್ದನು. ಆ ಪದ್ಧತಿಯಲ್ಲಿ ಕಠಿಣತೆ ಬಹಳವಿತ್ತು. ಆದರೂ ಸಾಲದ ಬೆಲೆ ಏನೆಂಬದು ಕಣ್ಣಿಗೆ ಮರೆಯಾಗಿರಲಿಲ್ಲ. ೧೮೮೨ರ ಸ್ವತ್ತು ವರ್ಗಾವಣೆಯ ಕಾಯಿದೆಯು ಈ ಭೋಗ್ಯದ ಅಡವನ್ನೂ, ಹಕ್ಕುಪತ್ರಗಳನ್ನು ಸಾಲಿಗನ ಬಳಿ ಇರಿಸಿ ಮಾಡುವ ಅಡವನ್ನೂ ಬೇರೆ ಬೇರೆಯಾಗಿ ಹೇಳುತ್ತದೆ. ಈಗಿನ ಮನೆಯ ಸಾಲವು ಸಾಧಾರಣವಾಗಿ ಎರಡನೆಯ ಬಗೆಯದು. ಸಾಲಗಾರನು ಮನೆಯಲ್ಲೇ ವಾಸಿಸುವನು, ಬಾಗಿಲಿಗೆ ತನ್ನ ಹೆಸರು ಬರೆಸುವನು. ಹಕ್ಕುಪತ್ರಗಳು ಮಾತ್ರ ಬ್ಯಾಂಕಿನ ಪೆಟ್ಟಿಗೆಯಲ್ಲಿರುವವು. ಇದು ಹಳೆಯದಕ್ಕಿಂತ ಎಷ್ಟೋ ದಯೆಯುಳ್ಳ ಪದ್ಧತಿ. ಆದರೆ ಫಲವನ್ನು ಉಣ್ಣುವವನು ಕಣ್ಣಿಗೆ ಕಾಣದೆ ಹೋದದರಿಂದ, ಫಲವೇ ಹೋಗುವದಿಲ್ಲವೆಂದು ನಾವು ನೆನಸಿಕೊಳ್ಳುತ್ತೇವೆ.

ಎಷ್ಟು ಹೋಗುವದೆಂದು ಈಗ ಎಣಿಸಿ ನೋಡೋಣ. ಒಬ್ಬ ಗೃಹಸ್ಥನು ೩೦ ಲಕ್ಷ ರೂಪಾಯಿಯನ್ನು ವರುಷಕ್ಕೆ ನೂರಕ್ಕೆ ಎಂಟೂವರೆಯ ಬಡ್ಡಿಯಂತೆ ೨೦ ವರುಷಗಳಿಗೆ ತೆಗೆದುಕೊಂಡನೆಂದು ಭಾವಿಸಿರಿ. ತಿಂಗಳ ಕಂತು ಸುಮಾರು ೨೬,೦೩೫ ರೂಪಾಯಿ ಆಗುವದು. ಅಂಥಾ ೨೪೦ ಕಂತುಗಳನ್ನು ಕೂಡಿಸಿದರೆ ಸುಮಾರು ೬೨ ಲಕ್ಷ ೪೮ ಸಾವಿರ. ಅಂದರೆ ಒಂದು ಮನೆಗಾಗಿ ಸಾಲಮಾಡಿ, ಎರಡು ಮನೆಗಳ ಸಾಲಕ್ಕಿಂತಲೂ ಹೆಚ್ಚನ್ನು ಹಿಂದಕ್ಕೆ ಕೊಟ್ಟ ಹಾಗಾಯಿತು.

ಇದಕ್ಕಿಂತಲೂ ಗಮನಿಸತಕ್ಕ ಸಂಗತಿಯೊಂದುಂಟು. ಮೊದಲನೆಯ ಕಂತಿನ ೨೬,೦೩೫ರಲ್ಲಿ ೨೧,೨೫೦ ರೂಪಾಯಿ ಬಡ್ಡಿಗೆ ಹೋಗಿ, ಅಸಲಿಗೆ ಸಲ್ಲುವದು ೪,೭೮೫ ಮಾತ್ರ. ಐದು ವರುಷಗಳಲ್ಲಿ ಆತನು ೧೫ ಲಕ್ಷ ೬೨ ಸಾವಿರದಷ್ಟು ಕೊಟ್ಟಿರುವನು. ಆದರೂ ಅಸಲಿನಲ್ಲಿ ಇಳಿದದ್ದು ಸುಮಾರು ೩ ಲಕ್ಷ ೫೬ ಸಾವಿರ. ಹತ್ತು ವರುಷ ಕಳೆದು ದಾರಿಯ ನಡುವೆ ಮುಟ್ಟಿದಾಗ ಇನ್ನೂ ೨೧ ಲಕ್ಷ ಉಳಿದಿರುವದು. ಅಸಲು ಅರ್ಧಕ್ಕೆ ಇಳಿಯುವದು ಹದಿನಾಲ್ಕನೆಯ ವರುಷದ ಕೊನೆಯಲ್ಲಿ. "ಅರ್ಧ ಅವಧಿ ಮುಗಿಯಿತು, ಅರ್ಧ ಸಾಲ ತೀರಿತು" ಎಂದು ನಂಬಿ ಮಗಳ ಮದುವೆಗೆ ಮತ್ತೊಂದು ಸಾಲಕ್ಕೆ ಕೈಯೊಡ್ಡುವವನು ತನ್ನನ್ನು ತಾನೇ ಮೋಸಗೊಳಿಸುತ್ತಾನೆ. ಇದರಲ್ಲಿ ಬ್ಯಾಂಕಿನ ಕಪಟವೇನೂ ಇಲ್ಲ. ಬಡ್ಡಿಯು ಉಳಿದಿರುವ ಅಸಲಿನ ಮೇಲೆ ಬೀಳುವದರಿಂದ, ಅಸಲು ದೊಡ್ಡದಾಗಿರುವ ಮೊದಲಿನ ವರುಷಗಳಲ್ಲಿ ಕಂತಿನ ದೊಡ್ಡ ಪಾಲನ್ನು ಅದೇ ನುಂಗುವದು.

ಬಡ್ಡಿಯ ಈ ಗುಣವು ನಮ್ಮ ಜಿಲ್ಲೆಯವರಿಗೆ ಹೊಸದಲ್ಲ. ಈ ಕರಾವಳಿಯು ಬ್ಯಾಂಕುಗಳ ತವರು. ೧೯೦೬ರಲ್ಲಿ ಅಮ್ಮೆಂಬಳ ಸುಬ್ಬರಾವ್ ಪೈಯವರು ಮಂಗಳೂರಿನಲ್ಲಿ ಸ್ಥಾಪಿಸಿದ ನಿಧಿಯು ಕೆನರಾ ಬ್ಯಾಂಕು ಆಯಿತು. ೧೯೨೫ರಲ್ಲಿ ಉಡುಪಿಯಲ್ಲಿ ಹುಟ್ಟಿ, ೨೦೨೦ರಲ್ಲಿ ಅದೇ ಕೆನರಾ ಬ್ಯಾಂಕಿನೊಂದಿಗೆ ಕೂಡಿಹೋದ ಸಿಂಡಿಕೇಟ್ ಬ್ಯಾಂಕು, ೧೯೨೮ರಲ್ಲಿ ಪಿಗ್ಮಿ ಎಂಬ ಠೇವಣಿಯನ್ನು ಆರಂಭಿಸಿತು. ಮನೆಯ ಬಾಗಿಲಿಗೆ ಬಂದು ದಿನಕ್ಕೆ ಎರಡಾಣೆಯಷ್ಟು ಸಣ್ಣ ಹಣವನ್ನೂ ಎತ್ತಿಕೊಂಡುಹೋಗುವ ಆ ಏರ್ಪಾಡಿನಿಂದ, ಕೂಲಿ ಮಾಡುವವರೂ ಬೀಡಿ ಕಟ್ಟುವವರೂ ಕಾಲವು ಸಣ್ಣ ಹಣವನ್ನು ದೊಡ್ಡದು ಮಾಡುವದೆಂದು ಕಲಿತರು. ಅದೇ ಕಾಲವು ಸಾಲಗಾರನಿಗೆ ವಿರೋಧವಾಗಿ ಅದೇ ಕೆಲಸವನ್ನು ಮಾಡುವದು. ಕೂಡಿಡುವವನಿಗೆ ಆಳಾಗಿ ದುಡಿಯುವ ವರುಷಗಳು ಸಾಲಮಾಡಿದವನಿಗೆ ಧಣಿಗಳಾಗುತ್ತವೆ.

ಆದಕಾರಣ ಅವಧಿಯ ವಿಷಯದಲ್ಲಿ ಬಹಳ ಎಚ್ಚರ ಬೇಕು. ಅದೇ ೩೦ ಲಕ್ಷವನ್ನು ಅದೇ ಬಡ್ಡಿಗೆ ೩೦ ವರುಷಕ್ಕೆ ತೆಗೆದುಕೊಂಡರೆ ಕಂತು ಸುಮಾರು ೨೩,೦೬೭ಕ್ಕೆ ಇಳಿಯುವದು. ತಿಂಗಳಿಗೆ ಮೂರು ಸಾವಿರ ಉಳಿಯಿತೆಂದು ಸಂತೋಷವಾಗಬಹುದು. ಆದರೆ ಕೊಡುವ ಒಟ್ಟು ಹಣವು ೮೩ ಲಕ್ಷವನ್ನು ಮೀರುವದು. ೧೫ ವರುಷಕ್ಕೆ ತೆಗೆದುಕೊಂಡರೆ ಕಂತು ಸುಮಾರು ೨೯,೫೪೨. ಒಟ್ಟು ೫೩ ಲಕ್ಷ ೧೮ ಸಾವಿರ. ತಿಂಗಳಿಗೆ ಮೂರೂವರೆ ಸಾವಿರ ಹೆಚ್ಚು ಕೊಡಬಲ್ಲವನು ಒಂಭತ್ತು ಲಕ್ಷಕ್ಕಿಂತ ಹೆಚ್ಚನ್ನು ಉಳಿಸಿಕೊಳ್ಳುವನು. ಕಂತನ್ನು ಹಗುರ ಮಾಡುವದೆಂದರೆ ಹೊರೆಯನ್ನು ಇಳಿಸುವದಲ್ಲ. ಅದೇ ಹೊರೆಯನ್ನು ಇನ್ನೂ ದೂರಕ್ಕೆ ಹೊರುವದು.

ಅದಲ್ಲದೆ ಈಗಿನ ಹೆಚ್ಚಿನ ಮನೆಸಾಲಗಳ ಬಡ್ಡಿಯು ಸ್ಥಿರವಾದದ್ದಲ್ಲ. ೨೦೧೯ನೇ ಅಕ್ಟೋಬರ್ ೧ರಿಂದ ಬ್ಯಾಂಕುಗಳು ಕೊಡುವ ಹೊಸ ಚರಬಡ್ಡಿಯ ಮನೆಸಾಲಗಳು ರಿಸರ್ವ್ ಬ್ಯಾಂಕಿನ ರೆಪೋ ದರದಂಥಾ ಹೊರಗಿನ ಒಂದು ಅಳತೆಗೆ ಕಟ್ಟಲ್ಪಟ್ಟಿವೆ. ೨೦೨೨ನೇ ಮೇ ತಿಂಗಳಿಗೆ ಮುಂಚೆ ನೂರಕ್ಕೆ ನಾಲ್ಕಾಗಿದ್ದ ಆ ದರವು ೨೦೨೩ನೇ ಫೆಬ್ರವರಿಯೊಳಗೆ ಆರೂವರೆಗೆ ಏರಿತು. ೨೦೨೫ರಲ್ಲಿ ಹಲವು ಸಾರಿ ಇಳಿಯಿತು. ಆರೂವರೆಯ ಬಡ್ಡಿಗೆ ೩೦ ಲಕ್ಷವನ್ನು ೨೦ ವರುಷಕ್ಕೆ ತೆಗೆದವನ ಕಂತು ಸುಮಾರು ೨೨,೩೬೭. ಅಸಲು ಇನ್ನೂ ಕರಗದಿರುವಾಗಲೇ ಬಡ್ಡಿಯು ಒಂಭತ್ತಕ್ಕೆ ಏರಿದರೆ ತಿಂಗಳ ಬಡ್ಡಿ ಒಂದೇ ೨೨,೫೦೦ ಆಗುವದು! ಕಂತನ್ನು ಹೆಚ್ಚಿಸದಿದ್ದರೆ ಎಷ್ಟು ಕೊಟ್ಟರೂ ಸಾಲವು ಬೆಳೆಯುವದೇ ಹೊರತು ತೀರದು. ದರ ಏರಿದಾಗ ಕಂತು ಬದಲಾಗದೆ ಅವಧಿ ಮಾತ್ರ ಬೆಳೆದದ್ದನ್ನು ಅನೇಕರು ತಿಳಿಯದೆ ಹೋದರು. ಆದದರಿಂದ ೨೦೨೩ನೇ ಆಗಸ್ಟ್ ೧೮ರಂದು ರಿಸರ್ವ್ ಬ್ಯಾಂಕು, ದರ ಬದಲಾದಾಗ ಅದರ ಪರಿಣಾಮವನ್ನು ಸಾಲಗಾರನಿಗೆ ತಿಳಿಸಿ, ಕಂತನ್ನು ಏರಿಸುವದೋ ಅವಧಿಯನ್ನು ಬೆಳೆಸುವದೋ ಎಂಬ ಆಯ್ಕೆಯನ್ನು ಅವನಿಗೇ ಕೊಡಬೇಕೆಂದು ಆಜ್ಞಾಪಿಸಿತು.

ಇನ್ನು ಕಂತಿನಲ್ಲಿ ಕಾಣದ ವೆಚ್ಚಗಳೂ ಉಂಟು. ೩೦ ಲಕ್ಷದವರೆಗಿನ ಸಾಲಕ್ಕೆ ಬ್ಯಾಂಕು ಮನೆಯ ಬೆಲೆಯ ನೂರಕ್ಕೆ ತೊಂಭತ್ತನ್ನು ಮೀರಿ ಕೊಡಕೂಡದು. ಉಳಿದದ್ದೂ, ಮುದ್ರಾಂಕ ಮತ್ತು ನೋಂದಣಿಯ ಖರ್ಚೂ ಮನೆಯ ಹೆಂಗಸರ ಕೊರಳಿನ ಚಿನ್ನದಿಂದ ಬರುವದುಂಟು. ಆ ಚಿನ್ನವು ಅಡವಿಗೆ ಹೋದರೆ ಅದಕ್ಕೂ ಬಡ್ಡಿಯುಂಟು. ಕಡಲ ಗಾಳಿಗೆ ಕಬ್ಬಿಣ ತುಕ್ಕು ಹಿಡಿಯುವದು, ಗೋಡೆ ನೀರು ಕುಡಿಯುವದು. ಉಳ್ಳಾಲ ಸೋಮೇಶ್ವರಗಳ ಕರೆಯಲ್ಲಿ ಕಡಲ್ಕೊರೆತವು ಮನೆಗಳನ್ನೇ ಎಳೆದುಕೊಂಡು ಹೋದದ್ದನ್ನು ನಾವೆಲ್ಲರು ಬಲ್ಲೆವು. ಸಮುದ್ರವು ಮನೆಯನ್ನು ಒಯ್ದರೂ ಸಾಲಪತ್ರವನ್ನು ಒಯ್ಯುವದಿಲ್ಲ.

ಇದಕ್ಕೆ ಒಬ್ಬನು ಹೀಗೆ ಉತ್ತರ ಕೊಡಬಹುದು: "ಬಾಡಿಗೆಯ ಮನೆಯಲ್ಲಿದ್ದರೆ ಆ ಹಣವೆಲ್ಲಾ ಹೋಗುತ್ತಿರಲಿಲ್ಲವೋ? ಇಪ್ಪತ್ತು ವರುಷಗಳ ಮೇಲೆ ರೂಪಾಯಿಯ ಬೆಲೆ ಇಳಿದಿರುವದಲ್ಲವೋ? ಅಷ್ಟರಲ್ಲಿ ಮನೆಯ ಬೆಲೆ ಏರುವದಲ್ಲವೋ?" ಈ ಮಾತುಗಳಲ್ಲಿ ನ್ಯಾಯವಿದೆ. ಕೊಟ್ಟ ಬಡ್ಡಿಯೆಲ್ಲಾ ನಷ್ಟವೆಂದು ನಾವು ಹೇಳುವದಿಲ್ಲ. ಸಾಲವಿಲ್ಲದಿದ್ದರೆ ಎಷ್ಟೋ ಮಂದಿ ಬಡವರು ಸ್ವಂತ ಸೂರನ್ನು ಕಾಣುತ್ತಲೇ ಇರಲಿಲ್ಲ. ಆದರೆ ರೂಪಾಯಿಯ ಬೆಲೆ ಇಳಿಯುವದರಿಂದ ಲಾಭ ಹೊಂದುವವನು ವರುಷ ವರುಷ ಸಂಬಳ ಏರುವವನೇ. ಗಲ್ಫಿನ ಕೆಲಸ ತಪ್ಪಿ ಊರಿಗೆ ಬಂದವನಿಗೆ, ಬೆನ್ನುನೋವಿನಿಂದ ಕೆಲಸ ಬಿಟ್ಟ ಮೇಸ್ತ್ರಿಗೆ ಆ ಲಾಭ ಎಲ್ಲಿಯದು? ಮನೆಯ ಬೆಲೆ ಏರಿದರೂ ಅದನ್ನು ಮಾರಿ ಬೀದಿಯಲ್ಲಿ ವಾಸಿಸಲಾಗದು. ತೊಂಭತ್ತು ದಿನ ಕಂತು ನಿಂತರೆ ಬ್ಯಾಂಕು ಅದನ್ನು ಕೆಟ್ಟ ಸಾಲವೆಂದು ಬರೆಯುವದು; ಆಮೇಲೆ ೨೦೦೨ರ ಸರ್ಫೇಸಿ ಕಾಯಿದೆಯ ಪ್ರಕಾರ ಅರುವತ್ತು ದಿನಗಳ ನೋಟೀಸು ಕೊಟ್ಟು, ಆಗಲೂ ಹಣ ಸಲ್ಲದಿದ್ದರೆ ಮನೆಯ ವಶಕ್ಕೆ ಕೈಹಾಕಬಹುದು. ಮನೆಯನ್ನು ಮಾರಿದ ಹಣ ಸಾಲದೆ ಹೋದರೆ ಉಳಿದದ್ದಕ್ಕೆ ಸಾಲಗಾರನೇ ಹೊಣೆ.

ಈಗ ನೀತಿಯ ಪ್ರಶ್ನೆಗೆ ಬರೋಣ. ಸಾಲಗಾರನು ಕೊಡುವದು ತನ್ನಲ್ಲಿರುವ ಹಣವನ್ನಲ್ಲ, ಇನ್ನೂ ಬಾರದಿರುವ ವರುಷಗಳ ದುಡಿತವನ್ನು. ಆ ವರುಷಗಳು ಅವನೊಬ್ಬನವೋ? ತಂದೆಗೆ ವಯಸ್ಸಾಗಿದೆ, ದೀರ್ಘ ಅವಧಿ ಸಿಕ್ಕದು ಎಂಬ ಕಾರಣದಿಂದ ಆಗಲೇ ಕೆಲಸಕ್ಕೆ ಸೇರಿದ ಮಗನ ಹೆಸರನ್ನು ಪತ್ರದಲ್ಲಿ ಕೂಡಿಸುವದುಂಟು. ಮಗನು ತಂದೆಯ ಮಾತು ಮೀರಬಾರದೆಂದು, ಓದದೆ ರುಜು ಹಾಕುವನು. ಅಂದಿನಿಂದ ಪೂರ್ಣ ಸಾಲಕ್ಕೂ ಅವನು ಹೊಣೆಗಾರನು. ಅವನ ಮದುವೆ, ಅವನು ಹಿಡಿಯಬಹುದಾದ ಬೇರೆ ಕೆಲಸ, ಅವನ ಮಕ್ಕಳ ಶಾಲೆ, ಎಲ್ಲವೂ ಆ ಕಂತಿನ ಹಿಂದೆ ನಿಲ್ಲತಕ್ಕದ್ದಾಗುವದು. ನೆಹೆಮೀಯನ ಗ್ರಂಥದ ಐದನೆಯ ಅಧ್ಯಾಯವನ್ನು ವಾಚಕರು ಬಲ್ಲರು. ಬರಗಾಲದಲ್ಲಿ ಧಾನ್ಯಕ್ಕಾಗಿ ಹೊಲ ತೋಟ ಮನೆಗಳನ್ನು ಒತ್ತೆಯಿಟ್ಟವರ ಮೊರೆಯಲ್ಲಿ ಎಲ್ಲಕ್ಕಿಂತ ಕಹಿಯಾದದ್ದು, ಮಕ್ಕಳು ದಾಸತ್ವಕ್ಕೆ ಬೀಳುತ್ತಾರೆಂಬದೇ. ಇಂದಿನ ಸಾಲವು ದಾಸತ್ವವಲ್ಲ. ಆದರೂ ಹಿರಿಯರ ಒಂದು ರುಜುವು ಕಿರಿಯರ ವರುಷಗಳನ್ನು ಕಟ್ಟುವದೆಂಬದು ಆಗ ಹೇಗೋ ಈಗಲೂ ಹಾಗೆಯೇ.

ಹಾಗಾದರೆ ಸಾಲಮಾಡುವದು ಪಾಪವೋ? ಅಲ್ಲ. ಎಣಿಸದೆ ಮಾಡುವದೂ, ಹೊರತಕ್ಕವರಿಗೆ ಹೇಳದೆ ಮಾಡುವದೂ ತಪ್ಪು. ಹೆಂಡತಿಗೆ ಗೋಡೆಯ ಬಣ್ಣವನ್ನು ತೋರಿಸಿ ಸಾಲದ ಮೊತ್ತವನ್ನು ಮರೆಮಾಡುವ ಗಂಡನು ಪ್ರೀತಿಯಿಂದ ಹಾಗೆ ಮಾಡುತ್ತೇನೆಂದು ಎಣಿಸಬಹುದು. ಆದರೆ ಅವನು ಸತ್ತರೆ ಆ ಪತ್ರವನ್ನು ಓದತಕ್ಕವಳು ಅವಳೇ.

ಆದದರಿಂದ ಸಾಲಮಾಡಬೇಕೆಂದಿರುವವರು ಇಷ್ಟನ್ನಾದರೂ ಮಾಡಲಿ. ೨೦೨೪ನೇ ಅಕ್ಟೋಬರ್ ೧ರಿಂದ ಮಂಜೂರಾಗುವ ಇಂಥಾ ಸಾಲಗಳಿಗೆ, ಎಲ್ಲಾ ಶುಲ್ಕಗಳು ಸೇರಿದ ವಾರ್ಷಿಕ ದರವನ್ನೂ, ಪ್ರತಿ ಕಂತಿನಲ್ಲಿ ಬಡ್ಡಿ ಎಷ್ಟು ಅಸಲು ಎಷ್ಟೆಂಬ ಪಟ್ಟಿಯನ್ನೂ ತೋರಿಸುವ ಮುಖ್ಯಾಂಶಗಳ ಹೇಳಿಕೆಯನ್ನು ಸಾಲಗಾರನಿಗೆ ತಿಳಿಯುವ ಭಾಷೆಯಲ್ಲಿ ಕೊಡತಕ್ಕದ್ದೆಂದು ನಿಯಮವುಂಟು. ಅದನ್ನು ಕನ್ನಡದಲ್ಲಿ ಕೇಳಿ ತೆಗೆದುಕೊಂಡು, ಮನೆಯವರೆಲ್ಲರು ಕೂಡಿರುವಾಗ ಗಟ್ಟಿಯಾಗಿ ಓದಿಸಲಿ. ಬಡ್ಡಿಯು ಎರಡು ಅಂಶ ಏರಿದರೆ ಏನಾಗುವದು, ಆರು ತಿಂಗಳು ಕೆಲಸವಿಲ್ಲದಿದ್ದರೆ ಏನಾಗುವದು ಎಂದು ರುಜುವಿಗೆ ಮುಂಚೆಯೇ ಎಣಿಸಲಿ. ಮೊದಲಿನ ವರುಷಗಳಲ್ಲಿ ಕೈಗೆ ಬಂದ ಹೆಚ್ಚಿನ ಹಣವನ್ನು ಅಸಲಿಗೆ ಕಟ್ಟಲಿ. ಚರಬಡ್ಡಿಯ ಮನೆಸಾಲವನ್ನು ಅವಧಿಗೆ ಮುಂಚೆ ತೀರಿಸುವ ಗೃಹಸ್ಥನಿಂದ ದಂಡ ತೆಗೆಯಕೂಡದೆಂದು ರಿಸರ್ವ್ ಬ್ಯಾಂಕು ೨೦೧೨ರಲ್ಲಿಯೇ ಬ್ಯಾಂಕುಗಳಿಗೆ ವಿಧಿಸಿದೆ. ಮೇಲಿನ ಲೆಕ್ಕದಲ್ಲಿ ವರುಷಕ್ಕೆ ಒಂದು ಕಂತನ್ನು ಹೆಚ್ಚಾಗಿ ಕಟ್ಟಿದರೆ ಇಪ್ಪತ್ತು ವರುಷದ ಸಾಲವು ಮೂರು ವರುಷಕ್ಕಿಂತಲೂ ಮುಂಚೆ ತೀರುವದು. ತೀರಿದ ಮೇಲೆ ಮೂವತ್ತು ದಿನಗಳೊಳಗೆ ಮೂಲ ಹಕ್ಕುಪತ್ರಗಳನ್ನು ಬ್ಯಾಂಕು ಹಿಂದಕ್ಕೆ ಕೊಡಬೇಕು. ತನ್ನ ಕಾರಣದಿಂದ ತಡವಾದರೆ ೨೦೨೩ನೇ ಡಿಸೆಂಬರ್ ೧ರಿಂದ ನಡೆಯುತ್ತಿರುವ ನಿಯಮದಂತೆ ದಿನಕ್ಕೆ ೫,೦೦೦ ರೂಪಾಯಿ ತೆರಬೇಕು.

ಇಷ್ಟೆಲ್ಲಾ ಎಣಿಸಿದ ಮೇಲೆ ಕೆಲವರು ಸಣ್ಣ ಮನೆಯನ್ನು ಆರಿಸಿಕೊಳ್ಳುವರು, ಕೆಲವರು ಇನ್ನೂ ಐದು ವರುಷ ಬಾಡಿಗೆಗಿದ್ದು ಹಣ ಕೂಡಿಸುವರು, ಕೆಲವರು ಧೈರ್ಯದಿಂದ ರುಜು ಹಾಕುವರು. ಮೂವರಲ್ಲಿ ಯಾರನ್ನೂ ನಾವು ಬುದ್ಧಿಹೀನರೆಂದು ಎನ್ನಲಾರೆವು. ನೆರೆಯವನು ಎರಡು ಅಂತಸ್ತು ಕಟ್ಟಿಸಿದನೆಂಬ ಒಂದೇ ಕಾರಣಕ್ಕೆ ರುಜು ಹಾಕುವವನ ವಿಷಯವಾಗಿ ಮಾತ್ರ ನಮಗೆ ಭಯವುಂಟು. ಯಾಕಂದರೆ ಅವನ ಕಂತನ್ನು ಆ ನೆರೆಯವನು ಒಂದು ತಿಂಗಳಾದರೂ ಕಟ್ಟಲಾರನು.