ಕಾಡುಬೆಳ್ಳುಳ್ಳಿಯ ಎಲೆಯೂ ವ್ರತಿಯ ವಿವೇಕವೂ

ಕಂದಮೂಲಗಳನ್ನು ತ್ಯಜಿಸಿದ ಶ್ರಾವಕನಿಗೆ ಬೆಳ್ಳುಳ್ಳಿ ವರ್ಜ್ಯವೆಂಬುದರಲ್ಲಿ ವಿವಾದವಿಲ್ಲ. ಆದರೆ ನೆಲವನ್ನು ಅಗೆಯದೆ, ಗಡ್ಡೆಯನ್ನು ಮುಟ್ಟದೆ, ಎಲೆಯನ್ನಷ್ಟೇ ಕೊಯ್ದು ಉಂಡರೆ ವ್ರತಭಂಗವಾಗುವುದೇ? ಉತ್ತರ ಅಮೆರಿಕದಲ್ಲಿ ನೆಲೆಸಿರುವ ಜೈನ ಕುಟುಂಬಗಳಿಗೆ ಇದು ಒಣ ತರ್ಕವಲ್ಲ. ಅಲ್ಲಿ ಪ್ರತಿ ವಸಂತದಲ್ಲಿಯೂ ಒಂದು ಬಗೆಯ ಕಾಡುಬೆಳ್ಳುಳ್ಳಿಯ ಎಲೆ ಪೇಟೆಗೆ ಬರುತ್ತದೆ, ಅತಿಥಿಯ ತಟ್ಟೆಗೂ ಬರುತ್ತದೆ.

ಅಲ್ಲಿಯ ಜನರು ಅದನ್ನು ರ‍್ಯಾಂಪ್ ಎನ್ನುತ್ತಾರೆ. ಸಸ್ಯಶಾಸ್ತ್ರದಲ್ಲಿ ಅದರ ಹೆಸರು ಆಲಿಯಂ ಟ್ರೈಕಾಕಮ್. ಈರುಳ್ಳಿ, ಬೆಳ್ಳುಳ್ಳಿಗಳ ಕುಲಕ್ಕೇ ಸೇರಿದುದು. ಖಂಡದ ಪೂರ್ವಭಾಗದಲ್ಲಿ, ಚಳಿಗಾಲಕ್ಕೆ ಎಲೆಯುದುರಿಸುವ ಮರಗಳ ತಂಪಾದ ಕಾಡುಗಳಲ್ಲಿ ಅದು ಬೆಳೆಯುತ್ತದೆ. ಮರಗಳು ಚಿಗುರುವ ಮೊದಲೇ ಗಡ್ಡೆಯಿಂದ 2-3 ಅಗಲವಾದ, ನುಣುಪಾದ ಎಲೆಗಳು ಹೊಮ್ಮುತ್ತವೆ. ಮೇಲೆ ನೆರಳು ದಟ್ಟವಾಗುವಷ್ಟರಲ್ಲಿ ಅವು ಬಾಡಿಹೋಗುತ್ತವೆ. ಬೇಸಗೆಯಲ್ಲಿ ಬರಿಯ ದಂಟಿನ ತುದಿಗೆ ಬಿಳಿಯ ಹೂಗೊಂಚಲು ಅರಳಿ, ಮೂರು ಹೋಳಿನ ಕಾಯಲ್ಲಿ ಹೊಳೆಯುವ ಕಪ್ಪು ಬೀಜಗಳು ಮಾಗುತ್ತವೆ. ಬೀಜ ಮೊಳೆಯಲು 6ರಿಂದ 18 ತಿಂಗಳು ಬೇಕು; ಸಸಿ ಹೂಬಿಡಲು ಸಾಮಾನ್ಯವಾಗಿ 5-7 ವರ್ಷಗಳು ಬೇಕು.

ಎಲೆ ಭಕ್ಷ್ಯವೆನ್ನುವವರ ವಾದ ದುರ್ಬಲವಾದುದಲ್ಲ. ನೇಮಿಚಂದ್ರ ಸಿದ್ಧಾಂತ ಚಕ್ರವರ್ತಿಗಳು ಗೊಮ್ಮಟಸಾರದ ಜೀವಕಾಂಡದಲ್ಲಿ ಅನಂತಕಾಯದ ಲಕ್ಷಣಗಳನ್ನು ನಿರೂಪಿಸಿದ್ದಾರೆ. ನರ, ಸಂಧಿ, ಗಿಣ್ಣುಗಳು ಕಾಣದಿರುವುದು, ಮುರಿದಾಗ ಸಮನಾಗಿ ಮುರಿಯುವುದು, ಕತ್ತರಿಸಿದರೂ ಮತ್ತೆ ಬೆಳೆಯುವುದು ಇವೇ ಮೊದಲಾದವು ಆ ಲಕ್ಷಣಗಳು. ಬೇರು, ಗಡ್ಡೆ, ತೊಗಟೆ, ಚಿಗುರು, ಎಲೆ, ಹೂ, ಹಣ್ಣು, ಬೀಜಗಳನ್ನು ಅಲ್ಲಿ ಬೇರೆಬೇರೆಯಾಗಿಯೇ ಹೆಸರಿಸಲಾಗಿದೆ. ಹೀಗಿರುವಾಗ ಗಡ್ಡೆ ಅನಂತಕಾಯವಾದ ಮಾತ್ರಕ್ಕೆ ಎಲೆಯೂ ಅನಂತಕಾಯವಾಗಬೇಕೇ ಎಂದು ಅವರು ಕೇಳುತ್ತಾರೆ.

ಇದಕ್ಕೆ ಉತ್ತರ ಹೇಳುವ ಮೊದಲು ಸಸ್ಯದ ರಚನೆಯನ್ನು ಗಮನಿಸಬೇಕು. ಈ ಕುಲದ ಗಡ್ಡೆ ಬೇರಲ್ಲ. ಬಿಲ್ಲೆಯಂತಹ ಕಿರಿಯ ಕಾಂಡದ ಮೇಲೆ ಎಲೆಗಳ ಬುಡಗಳೇ ಆಹಾರ ತುಂಬಿಕೊಂಡು ದಪ್ಪವಾಗಿ ಗಡ್ಡೆಯೆನಿಸಿವೆ. ಎಲೆಯನ್ನು ಹಿಸುಕಿದರೂ ಗಡ್ಡೆಯನ್ನು ಜಜ್ಜಿದರೂ ಹೊಮ್ಮುವ ಗಾಟು ಒಂದೇ. ಮನುಷ್ಯನು ಎಳೆದ ಗೆರೆಯನ್ನು ಸಸ್ಯವು ಅಷ್ಟು ಸ್ಪಷ್ಟವಾಗಿ ಒಪ್ಪುವುದಿಲ್ಲ.

ಲಕ್ಷಣಪರೀಕ್ಷೆಯಲ್ಲಿ ಎಲೆ ಪ್ರತ್ಯೇಕವೆಂದೇ ತೀರ್ಮಾನವಾಯಿತೆನ್ನೋಣ. ಆಗಲೂ ವಿಚಾರ ಮುಗಿಯುವುದಿಲ್ಲ. ಸಮಂತಭದ್ರಾಚಾರ್ಯರು ರತ್ನಕರಂಡ ಶ್ರಾವಕಾಚಾರದಲ್ಲಿ ಮೂಲಂಗಿ, ಹಸಿಶುಂಠಿ ಮೊದಲಾದವುಗಳನ್ನು ಬಿಡಬೇಕೆನ್ನುವಾಗ ಕಾರಣವನ್ನೂ ತಿಳಿಸಿದ್ದಾರೆ: ಫಲ ಅಲ್ಪ, ಘಾತ ಬಹಳ. ಕಾರಣ ತಿಳಿದವನು ಹೆಸರಿಸದ ವಸ್ತುವನ್ನೂ ಅದರಿಂದಲೇ ಅಳೆಯಬಲ್ಲನು. ಈ ಸಸ್ಯಕ್ಕೆ ವರ್ಷದ ಆಹಾರವನ್ನು ಕೂಡಿಡಲು ದೊರೆಯುವುದು ಕೆಲವೇ ವಾರಗಳ ಬೆಳಕು. ಆ ಎಲೆಗಳನ್ನು ಕೊಯ್ದರೆ ಗಡ್ಡೆ ಸೊರಗುತ್ತದೆ. ಗಡ್ಡೆಸಹಿತ ಕಿತ್ತದ್ದರಿಂದಂತೂ ಕಾಡುಕಾಡೇ ಬರಿದಾಗತೊಡಗಿ, ಕೆನಡಾದ ಕ್ವಿಬೆಕ್ ಪ್ರಾಂತವು 1995ರಲ್ಲಿ ಇದರ ಮಾರಾಟವನ್ನು ನಿಷೇಧಿಸಿತು. ಅಮೆರಿಕದ ಗ್ರೇಟ್ ಸ್ಮೋಕಿ ಪರ್ವತಗಳ ರಾಷ್ಟ್ರೀಯ ಉದ್ಯಾನವು 2004ರಲ್ಲಿ ಕೀಳುವುದನ್ನೇ ನಿಲ್ಲಿಸಿತು.

ಆದರೆ ಕಾನೂನು ಬೇರೆ, ವ್ರತ ಬೇರೆ. ಸಂತತಿ ಉಳಿದರೆ ಕಾನೂನಿಗೆ ತೃಪ್ತಿ. ಆದುದರಿಂದಲೇ ಕ್ವಿಬೆಕ್‌ನಲ್ಲಿ ಸ್ವಂತ ಬಳಕೆಗೆಂದು 50 ಗಡ್ಡೆಗಳವರೆಗೆ ಅನುಮತಿಯುಂಟು. ಸಸ್ಯ ಹೇರಳವಾದರೆ ಆ ಕಟ್ಟು ಇನ್ನೂ ಸಡಿಲವಾದೀತು. ಶ್ರಾವಕನ ವ್ರತವು ಹೇರಳವಾಗಿರುವುದಕ್ಕೂ ವಿರಳವಾಗಿರುವುದಕ್ಕೂ ಸಮವಾಗಿ ಅನ್ವಯಿಸುತ್ತದೆ.

ಉಳಿದ ಸೊಪ್ಪುಗಳಲ್ಲಿಯೂ ಜೀವವಿಲ್ಲವೇ ಎಂದು ಕೆಲವರು ಆಕ್ಷೇಪಿಸಬಹುದು. ಇದೆ. ಏಕೇಂದ್ರಿಯ ಹಿಂಸೆಯನ್ನು ಗೃಹಸ್ಥನು ಸಂಪೂರ್ಣ ತಪ್ಪಿಸಲಾರನು, ಅನಾವಶ್ಯಕವಾದುದನ್ನು ತಪ್ಪಿಸಬಲ್ಲನು. ಹಸಿವಿಗೆ ಬೇರೆ ಸೊಪ್ಪುಗಳು ಸಾಕು. ಈ ಎಲೆಯನ್ನೇ ಅರಸುವ ವ್ರತಿಯು ಸೊಪ್ಪನ್ನು ಅರಸುತ್ತಿಲ್ಲ, ತಾನು ಬಿಟ್ಟ ಬೆಳ್ಳುಳ್ಳಿಯ ರುಚಿಯನ್ನು ಬೇರೊಂದು ಬಾಗಿಲಿನಿಂದ ಒಳಗೆ ಕರೆಯುತ್ತಿದ್ದಾನೆ. ಪ್ರಮಾದದಿಂದಾದ ಪ್ರಾಣಘಾತವೇ ಹಿಂಸೆಯೆಂದು ತತ್ತ್ವಾರ್ಥಸೂತ್ರವು ಹೇಳುವುದನ್ನು ಇಲ್ಲಿ ನೆನೆಯಬೇಕು. ನಿಯಮದ ಅಕ್ಷರ ಉಳಿದು ರಾಗವೂ ಉಳಿದರೆ ತ್ಯಾಗದಿಂದ ಆತ್ಮಕ್ಕೆ ಲಾಭವೇನು?

ವ್ರತವಿಲ್ಲದೆ ಉಣ್ಣುವವರನ್ನು ನಿಂದಿಸುವುದು ವ್ರತಿಯ ಕೆಲಸವಲ್ಲ. ಆತಿಥ್ಯ ನೀಡಿದವರ ಮನೆಯಲ್ಲಿ ಆ ಎಲೆ ಬಡಿಸಲ್ಪಟ್ಟರೆ, ಅವರ ಮನಸ್ಸು ನೋಯದಂತೆ ಬೇಡವೆಂದು ತಿಳಿಸಿ, ಮಿಕ್ಕುದನ್ನು ಸಂತೋಷದಿಂದ ಉಂಡು ಏಳುವುದೇ ಶ್ರಾವಕನಿಗೆ ಶೋಭಿಸುವ ನಡತೆ.