4752 ಎಂಬ ಅಂಗಡಿ

ಯಾವ ತಾಲ್ಲೂಕು ಕೇಂದ್ರಕ್ಕೆ ಹೋದರೂ ಬಸ್ ನಿಲ್ದಾಣದ ಆಸುಪಾಸಿನಲ್ಲೇ ಒಂದು ಸಿಮೆಂಟ್ ಅಂಗಡಿ ಇರುತ್ತದೆ. ಬೋರ್ಡಿನಲ್ಲಿ ಮನೆದೇವರ ಹೆಸರು, ಅದರ ಕೆಳಗೆ ‘ಹಾರ್ಡ್‌ವೇರ್ಸ್, ಪೇಂಟ್ಸ್, ಸ್ಯಾನಿಟರಿ’. ಒಳಗೆ ತೇವ ತಗಲದಂತೆ ಹಲಗೆಯ ಮೇಲೆ ಪೇರಿಸಿದ ಮೂಟೆಗಳು, ಗೋಡೆಗೊರಗಿಸಿದ ಪೈಪುಗಳು, ಮೂಲೆಯಲ್ಲೊಂದು ಬಣ್ಣ ಬೆರೆಸುವ ಯಂತ್ರ. ಗಲ್ಲಾಪೆಟ್ಟಿಗೆಯ ಪಕ್ಕ ಮೇಸ್ತ್ರಿ ಕಳಿಸಿದ ಚೀಟಿ: ಬೈಂಡಿಂಗ್ ವೈರ್ ಐದು ಕೆ.ಜಿ., ಎರಡಿಂಚಿನ ಮೊಳೆ ಒಂದು ಕೆ.ಜಿ., ಸಿಮೆಂಟ್ ಇಪ್ಪತ್ತು ಮೂಟೆ, ಲೆಕ್ಕಕ್ಕೆ ಬರೆದುಕೊಳ್ಳಿ. ಊರಿನವರ ಬಾಯಲ್ಲಿ ಇದು ಶೆಟ್ರ ಅಂಗಡಿ. ಸರ್ಕಾರದ ಲೆಕ್ಕದಲ್ಲಿ 4752.

ರಾಷ್ಟ್ರೀಯ ಕೈಗಾರಿಕಾ ವರ್ಗೀಕರಣ, ಅಂದರೆ ಎನ್‌ಐಸಿ 2008, ದೇಶದ ಪ್ರತಿ ಕಸುಬಿಗೂ ಹೀಗೊಂದು ಸಂಖ್ಯೆ ಕೊಟ್ಟಿದೆ. ಮೊದಲ ಎರಡು ಅಂಕಿ 47 ಎಂದಿದ್ದರೆ ಚಿಲ್ಲರೆ ವ್ಯಾಪಾರ. ಅದರ ನಂತರ 52 ಸೇರಿದರೆ ಹಾರ್ಡ್‌ವೇರ್, ಬಣ್ಣ, ಗಾಜು ಮಾರುವ ಅಂಗಡಿ. ಇಟ್ಟಿಗೆ, ಮರ, ಸ್ಯಾನಿಟರಿ ಸಾಮಾನೂ ಇದೇ ಲೆಕ್ಕಕ್ಕೆ. ಬಿಲ್ಲಿನಲ್ಲಿ ಸಿಮೆಂಟಿನ ಮುಂದೆ ಕಾಣುವ 2523 ಬೇರೆ. ಅದು ಜಿಎಸ್‌ಟಿಗಾಗಿ ಸರಕಿಗೆ ಕೊಟ್ಟ ಎಚ್‌ಎಸ್‌ಎನ್ ಸಂಖ್ಯೆ. ನಮ್ಮ ಎನ್‌ಐಸಿಗೆ ಮಾದರಿ ವಿಶ್ವಸಂಸ್ಥೆಯ ಪಟ್ಟಿ. ಆ ಪಟ್ಟಿಯ 4752ರಲ್ಲಿ ಹುಲ್ಲು ಕತ್ತರಿಸುವ ಯಂತ್ರವೂ ಇದೆ, ಉಗಿಸ್ನಾನದ ಸೌನಾ ಕೂಡ ಇದೆ. ಚಿಂತಾಮಣಿಯ ಹಾರ್ಡ್‌ವೇರ್ ಅಂಗಡಿಗೆ ಹೋಗಿ ಸೌನಾ ಕೊಡಿ ಎಂದರೆ ಗೀಸರ್ ತೋರಿಸಿಯಾರು.

ತಮಾಷೆ ಇರಲಿ, ತೊಡಕು ಇರುವುದು ಬೇರೆ ಕಡೆ. ಈ ಅಂಗಡಿ ನಿಜಕ್ಕೂ ಚಿಲ್ಲರೆಯದೇ? ಬೆಳಿಗ್ಗೆ ಮನೆ ಕಟ್ಟಿಸುವ ಮೇಷ್ಟ್ರು ಬಂದು ಅರ್ಧ ಲೀಟರ್ ಪ್ರೈಮರ್ ಒಯ್ಯುತ್ತಾರೆ, ಮಧ್ಯಾಹ್ನ ಗುತ್ತಿಗೆದಾರ ಒಂದು ಲೋಡ್ ಕಬ್ಬಿಣ ತುಂಬಿಸುತ್ತಾನೆ. ಮೊದಲನೆಯದು 4752. ಎರಡನೆಯದನ್ನು ಕಟ್ಟಡ ಸಾಮಗ್ರಿಯ ಸಗಟು ವ್ಯಾಪಾರ, 4663 ಎನ್ನಬೇಕಾದೀತು. ಅಮೆರಿಕದವರು ತಮ್ಮ ವರ್ಗೀಕರಣದಲ್ಲಿ ಈ ಗೊಂದಲವನ್ನು ಜಾಣತನದಿಂದ ದಾಟಿದ್ದಾರೆ. ಕಟ್ಟಡ ಸಾಮಗ್ರಿಯ ಅಂಗಡಿಯವರು ಸಾರ್ವಜನಿಕರ ಜೊತೆಗೆ ಉದ್ಯಮಗಳಿಗೂ ಮಾರುತ್ತಾರೆಂದು ಮೊದಲೇ ಒಪ್ಪಿಕೊಂಡು, 444 ಎಂಬ ಗುಂಪಿನಲ್ಲಿ ಚಿಲ್ಲರೆಯಾಗಿಯೇ ಇಟ್ಟಿದ್ದಾರೆ. ನನಗೆ ಇದೇ ಸರಿ ಎನಿಸುತ್ತದೆ. ಅಂಗಡಿಯನ್ನು ನೋಡಿ ಹೆಸರಿಡಬೇಕೇ ಹೊರತು ಅವತ್ತಿನ ಗಿರಾಕಿಯನ್ನು ನೋಡಿ ಅಲ್ಲ.

ನಮ್ಮಲ್ಲಿ ಈ ಸಂಖ್ಯೆ ಬರೀ ಅಂಕಿಅಂಶದವರ ಸೊತ್ತಾಗಿ ಉಳಿದಿಲ್ಲ. 2020ರ ಜುಲೈ 1ರಂದು ಸಣ್ಣ ಉದ್ಯಮಗಳಿಗೆ ಉದ್ಯಮ್ ನೋಂದಣಿ ಶುರುವಾದಾಗ ಎನ್‌ಐಸಿ ಸಂಕೇತ ನಮೂದಿಸುವುದು ಕಡ್ಡಾಯವಾಯಿತು. ವ್ಯಾಪಾರಿಗಳಿಗೆ ಆಗ ಅದರಲ್ಲಿ ಜಾಗವಿರಲಿಲ್ಲ. ಮರುವರ್ಷ ಜುಲೈ 2ರ ಆದೇಶ 45, 46, 47ರಿಂದ ಶುರುವಾಗುವ ಸಂಕೇತದವರನ್ನೂ ಒಳಗೆ ಬಿಟ್ಟಿತು, ಆದರೆ ಒಂದು ಷರತ್ತಿನೊಂದಿಗೆ: ಅವರಿಗೆ ಸಿಗುವುದು ಬ್ಯಾಂಕಿನ ಆದ್ಯತಾ ವಲಯದ ಸಾಲದ ಅನುಕೂಲ ಮಾತ್ರ. ಸರಕು ಕೊಂಡವರು ಹೆಚ್ಚೆಂದರೆ 45 ದಿನದೊಳಗೆ ಹಣ ಕೊಡಬೇಕು, ತಪ್ಪಿದರೆ ಬ್ಯಾಂಕ್ ದರದ ಮೂರು ಪಟ್ಟು ಚಕ್ರಬಡ್ಡಿ ತೆರಬೇಕು ಎನ್ನುವ ಎಂಎಸ್‌ಎಂಇ ಕಾಯ್ದೆಯ ರಕ್ಷಣೆ ಅವರಿಗಿಲ್ಲ. ಗುತ್ತಿಗೆದಾರರ ಬಾಕಿ ಬರೆದು ಬರೆದು ಪುಸ್ತಕ ತುಂಬಿದ ಸಿಮೆಂಟ್ ವ್ಯಾಪಾರಿಗೆ ಇದಕ್ಕಿಂತ ಬೇಕಾದ ರಕ್ಷಣೆ ಇನ್ನೊಂದಿರಲಾರದು. ಅದನ್ನೇ ಕೊಡದೆ ಬಿಟ್ಟದ್ದು ನನ್ನ ಮಟ್ಟಿಗೆ ಅನ್ಯಾಯ.

ಈಗ ಅಂಗಡಿಯ ಹಿಂದಿನ ಸೈಟಿಗೆ ಬನ್ನಿ. ಎಷ್ಟೋ ಕಡೆ ಅಲ್ಲೊಂದು ಯಂತ್ರ ಹಾಕಿ ಸಾಲಿಡ್ ಬ್ಲಾಕ್ ಒತ್ತಿಸುತ್ತಿರುತ್ತಾರೆ. ಜಲ್ಲಿಪುಡಿ, ಸಿಮೆಂಟ್, ನೀರು. ಬಿಸಿಲಿಗೆ ಸಾಲಾಗಿ ಜೋಡಿಸಿದ ಬೂದುಬಣ್ಣದ ಕಲ್ಲುಗಳ ಮೇಲೆ ಹೊತ್ತುಹೊತ್ತಿಗೆ ಪೈಪಿನಲ್ಲಿ ನೀರು ಹಾಯಿಸಿ ಕ್ಯೂರಿಂಗ್ ಮಾಡುವ ಹುಡುಗ. ಇದು ವ್ಯಾಪಾರವಲ್ಲ, ತಯಾರಿಕೆ. ಸಂಕೇತ 2395, ಸಿಮೆಂಟ್ ಮತ್ತು ಕಾಂಕ್ರೀಟ್ ವಸ್ತುಗಳ ಉತ್ಪಾದನೆ. ಕಾಂಕ್ರೀಟ್ ಮಿಕ್ಸರ್, ಸೆಂಟ್ರಿಂಗ್ ಶೀಟು ಬಾಡಿಗೆಗೆ ಕೊಟ್ಟರೆ 7730, ಅದು ಸೇವೆ. ಕಿರು ಅಥವಾ ಸಣ್ಣ ಉದ್ಯಮವಾಗಿ ನೋಂದಾಯಿಸಿದ್ದರೆ ಈ ಎರಡಕ್ಕೂ 45 ದಿನದ ರಕ್ಷಣೆ ಉಂಟು. ಒಂದೇ ಮಾಲೀಕ, ಒಂದೇ ಗೇಟು. ಬ್ಲಾಕಿನ ಬಾಕಿಗೆ ಕಾನೂನಿನ ಬೆಂಬಲವಿದೆ, ಸಿಮೆಂಟಿನ ಬಾಕಿಗೆ ಇಲ್ಲ.

ಇಷ್ಟು ತೂಕದ ಸಂಖ್ಯೆಯನ್ನು ಆರಿಸುವವರು ಯಾರು? ಬಹಳ ಕಡೆ ಸೈಬರ್ ಸೆಂಟರಿನ ಹುಡುಗ. ‘ಏನ್ ವ್ಯಾಪಾರ ಸಾರ್?’ ಎಂದು ಕೇಳುತ್ತಾನೆ. ‘ಹಾರ್ಡ್‌ವೇರ್ ಕಣಪ್ಪ’ ಎಂದರೆ ಪಟ್ಟಿಯಲ್ಲಿ ಮೊದಲು ಕಂಡದ್ದನ್ನು ಒತ್ತುತ್ತಾನೆ. ಅವನನ್ನು ದೂರಿ ಫಲವಿಲ್ಲ. ಹಿತ್ತಲಿನ ಬ್ಲಾಕ್ ಯಂತ್ರದ ಸುದ್ದಿಯನ್ನು ಅವನಿಗೆ ಯಾರೂ ಹೇಳಿರುವುದಿಲ್ಲ. ಉದ್ಯಮ್ ಪ್ರಮಾಣಪತ್ರಕ್ಕೆ ಚೌಕಟ್ಟು ಹಾಕಿಸಿ ಲಕ್ಷ್ಮಿಯ ಫೋಟೊ ಪಕ್ಕ ತೂಗುಹಾಕಿದವರಲ್ಲೂ ಅದರ ಕೆಳಭಾಗದ ಅಂಕಿಗಳನ್ನು ಓದಿದವರು ಕಡಿಮೆ.

ಅಂಗಡಿ ಇಟ್ಟವರು ಇವತ್ತು ಬಿಡುವಾದಾಗ ಅದನ್ನೊಮ್ಮೆ ಕೆಳಗಿಳಿಸಿ ನೋಡಿ. ಬ್ಲಾಕ್ ಮಾಡಿಸುತ್ತಿದ್ದರೂ ಬರೀ 47ರ ಸಂಕೇತವಷ್ಟೇ ಇದ್ದರೆ ನಿಮ್ಮ ಆಡಿಟರ್ ಬಳಿ ಮಾತಾಡಿ ಸರಿಪಡಿಸಿಕೊಳ್ಳಿ. ಒಂದಕ್ಕಿಂತ ಹೆಚ್ಚು ಸಂಕೇತ ಸೇರಿಸಲು ಅವಕಾಶವಿದೆ. ಉದ್ಯಮ್ ಜಾಲತಾಣದಲ್ಲಿ ನೋಂದಣಿಗೂ ತಿದ್ದುಪಡಿಗೂ ಸರ್ಕಾರ ಶುಲ್ಕ ಪಡೆಯುವುದಿಲ್ಲ.