ಅಮಾನತು ಎಂಬ ಗಂಟು

ಹೈದರಾಬಾದಿನ ಪತ್ಥರ್‌ಗಟ್ಟಿಯ ಬಟ್ಟೆ ಅಂಗಡಿಯೊಂದರಲ್ಲಿ ಕುಳಿತಿದ್ದೆ. ಗಲ್ಲೆಯ ಹಿಂದಿನ ಕಪಾಟಿನಲ್ಲಿ ಹಳೆಯ ಪಂಚೆಯಲ್ಲಿ ಸುತ್ತಿದ ಗಂಟೊಂದಿತ್ತು. ಕೆಲಸದ ಹುಡುಗ ಅದಕ್ಕೆ ಕೈಹಾಕಿದಾಗ ವಯಸ್ಸಾದ ಯಜಮಾನರು ತಡೆದರು: "ನಕ್ಕೋ ಬೇಟಾ, ಅಮಾನತ್ ಹೈ." ಯಾರೋ ಊರಿಗೆ ಹೋಗುವಾಗ ನಂಬಿ ಇಟ್ಟುಹೋದ ವಸ್ತು. ಅವರು ಬರುವವರೆಗೆ ಅದನ್ನು ಬಿಚ್ಚುವಂತಿಲ್ಲ, ಬಿಸಾಡುವಂತಿಲ್ಲ.

ನನ್ನ ಕನ್ನಡದ ಕಿವಿ ನಿಮಿರಿತು. "ನೌಕರ ಅಮಾನತು" ಎಂದು ನಮ್ಮ ಪತ್ರಿಕೆಗಳು ಬರೆಯುವುದೂ ಇದೇ ಪದವನ್ನು. ಉರ್ದುವಿನಲ್ಲಿ ಭರವಸೆಯ ಮಾತು, ನಮ್ಮಲ್ಲಿ ಮನೆತನಕ್ಕೆ ಬಡಿದ ಸಿಡಿಲು. ಆದರೂ ಪದದ ಬೇರಿನಲ್ಲಿ ಒಂದು ಧರ್ಮ ಉಳಿದಿದೆ: ಅಮಾನತು ಇಟ್ಟುಕೊಂಡವನು ಅದಕ್ಕೆ ಲೆಕ್ಕ ಕೊಡಬೇಕು.

ಕ್ರಿಮಿನಲ್ ಆರೋಪದಲ್ಲಿ 48 ಗಂಟೆಗೂ ಹೆಚ್ಚು ಬಂಧನದಲ್ಲಿದ್ದ ಸರ್ಕಾರಿ ನೌಕರ ಅಮಾನತಾದಂತೆಯೇ ಎಂದು ಕೇಂದ್ರದ ನಿಯಮವೂ ಕರ್ನಾಟಕ, ತೆಲಂಗಾಣದ ನಿಯಮಗಳೂ ಹೇಳುತ್ತವೆ. ಇದು ಬೇಕು. ಪಿಂಚಣಿ ಅರ್ಜಿ ಮುಂದೆ ಸರಿಸಲು ಲಂಚ ಕೇಳಿದನೆಂಬ ಆರೋಪ ಹೊತ್ತವನು ಮರುದಿನವೂ ಅದೇ ಮೇಜಿನ ಹಿಂದೆ ಕುಳಿತರೆ, ದೂರು ಕೊಟ್ಟ ವಿಧವೆ ಯಾವ ಧೈರ್ಯದಿಂದ ಆ ಬಾಗಿಲು ತುಳಿದಾಳು? ಕಡತ ಅವನ ಕೈಯಲ್ಲೇ ಇದ್ದರೆ ಸಾಕ್ಷ್ಯದ ಗತಿಯೇನು? ಕುರ್ಚಿ ಅವನ ಸ್ವತ್ತಲ್ಲ, ಜನರದು. ಅದನ್ನು ಬಿಡಿಸುವುದರಲ್ಲಿ ಅನ್ಯಾಯವಿಲ್ಲ.

ಆದರೆ ಕುರ್ಚಿಯ ಜೊತೆಗೆ ತಟ್ಟೆಯನ್ನೂ ಎಳೆದುಕೊಂಡರೆ?

ನಮ್ಮ ಕೋಲಾರದ ಚಿನ್ನದ ಗಣಿಯನ್ನೇ ನೋಡಿ. 1985ರ ಜೂನ್‌ನಲ್ಲಿ ಭಾರತ್ ಗೋಲ್ಡ್ ಮೈನ್ಸ್‌ನ ಭದ್ರತಾ ಅಧಿಕಾರಿಯೊಬ್ಬರ ಮನೆಯ ಮೇಲೆ ಪೊಲೀಸ್ ದಾಳಿಯಾಯಿತು. 4.5 ಗ್ರಾಂ ತೂಕದ ಚಿನ್ನದ ಉಂಡೆ, 1,276 ಗ್ರಾಂ ಚಿನ್ನದಂಶದ ಮರಳು ಸಿಕ್ಕಿತೆಂದು ಆರೋಪ. ಕೂಡಲೇ ಅಮಾನತು. ಅಮಾನತಿನ ಕಾಲದಲ್ಲಿ ಸಂಬಳದ ಬದಲು ಸಿಗಬೇಕಾದ ಜೀವನಾಧಾರ ಭತ್ಯೆ ಕೈಸೇರಲಿಲ್ಲ. ಕೇರಳದಲ್ಲಿದ್ದ ಅವರ ಬಳಿ ಇಲಾಖಾ ವಿಚಾರಣೆಗೆ ಬರಲು ಹಣವಿರಲಿಲ್ಲ. ಅವರಿಲ್ಲದೆಯೇ ವಿಚಾರಣೆ ಮುಗಿದು 1986ರಲ್ಲಿ ವಜಾ. 1987ರ ಫೆಬ್ರುವರಿಯಲ್ಲಿ ಕ್ರಿಮಿನಲ್ ನ್ಯಾಯಾಲಯ, ದಾಳಿಯೂ ಜಪ್ತಿಯೂ ಸಾಬೀತಾಗಿಲ್ಲವೆಂದು ಖುಲಾಸೆ ಮಾಡಿತು. ಕೆಲಸ ಮರಳಿ ಬಂದದ್ದು 1999ರ ಸುಪ್ರೀಂ ಕೋರ್ಟ್ ತೀರ್ಪಿನಿಂದ. ಭತ್ಯೆ ಕೊಡದಿರುವುದು ಬದುಕುವ ಹಕ್ಕನ್ನೇ ಕಸಿದಂತೆ ಎಂದಿತು ನ್ಯಾಯಪೀಠ. ಅಮಾನತಾದ ದಿನದಿಂದ ಪೂರ್ತಿ ಸಂಬಳ ಕೊಡಿಸಿತು. ಹದಿನಾಲ್ಕು ವರ್ಷದ ಸಂಬಳವನ್ನು ಲೆಕ್ಕಹಾಕಿ ಕೊಡಬಹುದು. ಹದಿನಾಲ್ಕು ಯುಗಾದಿಗಳನ್ನು ಯಾವ ಖಜಾನೆಯಿಂದ ತಂದುಕೊಡುವುದು?

ಕೆಳ ನ್ಯಾಯಾಲಯದಲ್ಲಿ ಶಿಕ್ಷೆಯಾಗಿ ಮೇಲ್ಮನವಿ ಬಾಕಿಯಿದ್ದ ನೌಕರನಿಗೆ ತಿಂಗಳಿಗೆ 1 ರೂಪಾಯಿ ಭತ್ಯೆ ಸಾಕೆಂಬ ನಿಯಮವೂ ಮಹಾರಾಷ್ಟ್ರದಲ್ಲಿತ್ತು. ಸುಪ್ರೀಂ ಕೋರ್ಟ್ ಅದನ್ನು 1983ರಲ್ಲಿ ಅಳಿಸಿಹಾಕಿತು. 2015ರಲ್ಲಿ ಇನ್ನೊಂದು ಹೆಜ್ಜೆ: ಮೂರು ತಿಂಗಳೊಳಗೆ ಆರೋಪಪಟ್ಟಿ ಕೊಡದಿದ್ದರೆ ಅಮಾನತು ಮುಂದುವರಿಯಬಾರದು, ಕೊಟ್ಟಿದ್ದರೆ, ಮುಂದುವರಿಸಲು ಕಾರಣ ಬರೆಯಬೇಕು, ಬೇಕಾದರೆ ನೌಕರನನ್ನು ಆ ಕಡತಗಳಿಂದ ದೂರದ ಬೇರೆ ಕಚೇರಿಗೆ ಕಳಿಸಬಹುದು.

ತಡವಾದಷ್ಟೂ ನಿರಪರಾಧಿ ಕೊರಗುತ್ತಾನೆ, ಅಪರಾಧಿ ಮನೆಯಲ್ಲಿ ಕುಳಿತು ಜನರ ದುಡ್ಡು ಉಣ್ಣುತ್ತಾನೆ. ದೂರು ಕೊಟ್ಟವಳಿಗೂ ಉತ್ತರ ಸಿಗುವುದಿಲ್ಲ. ವಿಳಂಬ ಯಾರ ಪರವೂ ನಿಲ್ಲದು. ಆದ್ದರಿಂದ ಅಮಾನತಿನ ಆದೇಶಕ್ಕೆ ಸಹಿ ಹಾಕುವ ಕೈ ಒಂದು ಸಾಲವನ್ನೂ ತಲೆಗೆ ಹೊತ್ತುಕೊಳ್ಳುತ್ತದೆ: ತಪ್ಪಿದ್ದರೆ ಬೇಗ ಸಾಬೀತುಪಡಿಸಿ ಕಳಿಸುವ, ಇಲ್ಲದಿದ್ದರೆ ಮರ್ಯಾದೆಯಿಂದ ಮರಳಿ ಕರೆಯುವ ಸಾಲ.

ಅಂಗಡಿಯಿಂದ ಹೊರಬಂದು ಮೂಸಿ ದಂಡೆಯ ಹೈಕೋರ್ಟಿನತ್ತ ನಡೆದೆ. ಕಂಕುಳಲ್ಲಿ ಕಡತ ಒತ್ತಿಕೊಂಡವರು ಗೇಟಿನ ಬಳಿ ನಿಂತಿದ್ದರು. ಅವರಲ್ಲಿ ತಪ್ಪಿತಸ್ಥರಾರು, ನಿರಪರಾಧಿಗಳಾರು, ಮುಖ ನೋಡಿ ಹೇಳಲಾಗಲಿಲ್ಲ. ಆ ಮುದುಕರಿಗೂ ಗಂಟಿನೊಳಗೆ ಏನಿದೆಯೆಂದು ತಿಳಿದಿರಲಿಲ್ಲ. ಆದರೂ ಅದನ್ನು ಜೋಪಾನವಾಗಿ ಇಟ್ಟಿದ್ದರು.